ರೆಪ್ಪೆಯೊಂದೇ ಉಳಿದಾಗ

1995ರ ಡಿಸೆಂಬರ್ 8, ಶುಕ್ರವಾರ. ಫ್ರಾನ್ಸಿನ ‘ಎಲ್’ ಪತ್ರಿಕೆಯ ಸಂಪಾದಕ ಝಾನ್ ಡೊಮಿನಿಕ್ ಬೋಬಿ ಮಗನೊಂದಿಗೆ ಕಾರಿನಲ್ಲಿ ಹೊರಟಿದ್ದಾನೆ. ವಯಸ್ಸು 43. ಇದ್ದಕ್ಕಿದ್ದಂತೆ ಹಣೆಯ ಮೇಲೆ ಬೆವರು. ರಸ್ತೆಯಲ್ಲಿದ್ದ ಒಂದು ಕಾರು ಎರಡಾಗಿ ಕಾಣುತ್ತಿದೆ! ಕೆಳಗಿಳಿದರೆ ಕಾಲು ನೆಲದ ಮೇಲೆ ನಿಲ್ಲುತ್ತಿಲ್ಲ. ನರ್ಸ್ ಆಗಿದ್ದ ಬಂಧುವೊಬ್ಬಳು ನೋಡಿದವಳೇ ‘ಆಸ್ಪತ್ರೆಗೆ ನಡೆಯಿರಿ, ತಕ್ಷಣ’ ಎಂದಳು. ಕಾರು ಓಡಿತು. ಆಸ್ಪತ್ರೆ ಮುಟ್ಟಿತು. ಅಷ್ಟರಲ್ಲಿ ಬೋಬಿ ಕೋಮಾಕ್ಕೆ ಜಾರಿದ್ದ.

ಅದು ಸ್ಟ್ರೋಕ್. ಪೆಟ್ಟು ಬಿದ್ದದ್ದು ಮಿದುಳುಕಾಂಡಕ್ಕೆ. ಕತ್ತಿನ ಮೂಳೆಗಳ ರಂಧ್ರಗಳೊಳಗೆ ನುಸುಳುತ್ತ ಎರಡು ರಕ್ತನಾಳಗಳು ಮೇಲೇರುತ್ತವೆ. ತಲೆಬುರುಡೆಯೊಳಗೆ ಅವು ಕೂಡಿ ಬೇಸಿಲಾರ್ ಎಂಬ ಒಂದೇ ನಾಳವಾಗುತ್ತವೆ. ಮಿದುಳುಕಾಂಡ, ಕಿರುಮಿದುಳು, ಹಿಂಭಾಗದಲ್ಲಿರುವ ದೃಷ್ಟಿಯ ಕೇಂದ್ರ, ಎಲ್ಲಕ್ಕೂ ರಕ್ತ ಹರಿಯುವುದು ಈ ದಾರಿಯಲ್ಲೇ. ಮಿದುಳುಕಾಂಡ ಹೆಬ್ಬೆರಳ ಗಾತ್ರದ್ದು. ಆದರೆ ಉಸಿರು, ನುಂಗುವಿಕೆ, ಎಚ್ಚರ ಅದರ ವಶದಲ್ಲಿವೆ. ಕೈಕಾಲುಗಳಿಗೆ ಹೋಗುವ ಆಜ್ಞೆಯೆಲ್ಲ ಅದರೊಳಗಿಂದಲೇ ಇಳಿಯಬೇಕು. ಬೇಸಿಲಾರ್‌ನಲ್ಲಿ ರಕ್ತ ಹೆಪ್ಪುಗಟ್ಟಿ ನಿಂತರೆ ಸಾವು ಬಾಗಿಲಲ್ಲೇ ನಿಂತಂತೆ.

ಬೋಬಿ ಕೋಮಾದಲ್ಲಿದ್ದಾಗಲೇ, ಅದೇ ಡಿಸೆಂಬರ್ 14ರಂದು, ಅಮೆರಿಕದ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಚರಿತ್ರೆ ಬದಲಿಸಿದ ವರದಿ ಅಚ್ಚಾಯಿತು. ಹೆಪ್ಪು ಕರಗಿಸುವ ಟಿಪಿಎ ಚುಚ್ಚುಮದ್ದನ್ನು ಮೂರು ಗಂಟೆಯೊಳಗೆ ಕೊಟ್ಟರೆ ಸ್ಟ್ರೋಕ್ ರೋಗಿ ಚೇತರಿಸಿಕೊಳ್ಳುವ ಸಾಧ್ಯತೆ ಹೆಚ್ಚುತ್ತದೆ ಎಂದು ಅದು ತೋರಿಸಿತ್ತು. ಅಲ್ಲಿಯವರೆಗೆ ವೈದ್ಯರು ಪಕ್ಕದಲ್ಲಿ ನಿಂತು ಕಾಯುವುದೇ ಹೆಚ್ಚಾಗಿತ್ತು. ಇನ್ನು ಹೋರಾಡಬಹುದಿತ್ತು!

ಸುಮಾರು ಇಪ್ಪತ್ತು ದಿನಗಳ ಮೇಲೆ ಬೋಬಿಗೆ ಎಚ್ಚರವಾಯಿತು. ಎಲ್ಲ ಕೇಳಿಸುತ್ತದೆ, ಎಲ್ಲ ಅರ್ಥವಾಗುತ್ತದೆ. ಮಾತಿಲ್ಲ. ಕೈಯಿಲ್ಲ, ಕಾಲಿಲ್ಲ. ಬಲಗಣ್ಣನ್ನು ಹೊಲಿದು ಮುಚ್ಚಬೇಕಾಯಿತು. ಅಲುಗುತ್ತಿದ್ದದ್ದು ಎಡಗಣ್ಣಿನ ರೆಪ್ಪೆ. ಅದನ್ನೇ ಆತ ಆಯುಧ ಮಾಡಿಕೊಂಡ. ಬೆರ್ಕ್ ಎಂಬ ಕಡಲತೀರದ ಊರಿನ ಆಸ್ಪತ್ರೆಯಲ್ಲಿ ಕ್ಲೋದ್ ಮಾಂದಿಬಿಲ್ ಎಂಬಾಕೆ ಫ್ರೆಂಚ್ ಅಕ್ಷರಗಳನ್ನು, ಹೆಚ್ಚು ಬಳಕೆಯವು ಮೊದಲು ಬರುವಂತೆ, ಒಂದೊಂದಾಗಿ ಹೇಳುತ್ತಾಳೆ. ಬೇಕಾದ ಅಕ್ಷರ ಬಂದಾಗ ಬೋಬಿ ರೆಪ್ಪೆ ಮಿಟುಕಿಸುತ್ತಾನೆ. ಅಕ್ಷರ, ಪದ, ಸಾಲು, ಪುಟ. ಹೀಗೆ ಇಡೀ ಪುಸ್ತಕ ಮುಗಿಯಿತು! ‘ದಿ ಡೈವಿಂಗ್ ಬೆಲ್ ಅಂಡ್ ದಿ ಬಟರ್‌ಫ್ಲೈ’ ಎಂದು ಜಗತ್ತು ಓದಿದ ಆ ಕೃತಿ 1997ರ ಮಾರ್ಚ್‌ನಲ್ಲಿ ಹೊರಬಂತು. ಮಾರ್ಚ್ 9ರಂದು ಬೋಬಿ ತೀರಿಕೊಂಡ.

ಅಂಥ ಸೆರೆಗೆ ಬೀಳುವ ಮುನ್ನವೇ ಮನುಷ್ಯನನ್ನು ಎಳೆದು ತರುವ ಸಾಹಸ ಇಂದು ತುರ್ತು ಚಿಕಿತ್ಸಾ ಕೊಠಡಿಗಳಲ್ಲಿ ನಡೆಯುತ್ತದೆ. ಮೊದಲ ಶತ್ರು ಮೋಸದ ಲಕ್ಷಣ. ಕೆಲವೊಮ್ಮೆ ಬಾಯಿ ಸೊಟ್ಟಗಾಗುವುದಿಲ್ಲ, ಕೈ ಬೀಳುವುದಿಲ್ಲ. ಬರೀ ತಲೆಸುತ್ತು, ವಾಂತಿ, ಓಲಾಟ. ಆಗ ವೈದ್ಯರು ಕಣ್ಣನ್ನೇ ಓದುತ್ತಾರೆ. ತಮ್ಮ ಮೂಗಿನ ಮೇಲೆ ದೃಷ್ಟಿ ನೆಡಲು ಹೇಳಿ ರೋಗಿಯ ತಲೆಯನ್ನು ಥಟ್ಟನೆ ತುಸುವೇ ತಿರುಗಿಸುತ್ತಾರೆ. ದೃಷ್ಟಿ ಜಾರಿ ಮತ್ತೆ ಮರಳಿದರೆ ದೋಷ ಹೆಚ್ಚಾಗಿ ಒಳಗಿವಿಯದು. ಎಡೆಬಿಡದೆ ತಲೆ ಸುತ್ತುತ್ತಿದ್ದೂ ದೃಷ್ಟಿ ಜಾರದೆ ನೆಟ್ಟಗೆ ನಿಂತರೆ ಅಪಾಯ! ಕಣ್ಣುಗುಡ್ಡೆ ಅದುರುವ ದಿಕ್ಕು ನೋಟದೊಂದಿಗೆ ಬದಲಾದರೆ, ಒಂದು ಕಣ್ಣು ಮತ್ತೊಂದಕ್ಕಿಂತ ಮೇಲೆ ನಿಂತರೆ, ಅನುಮಾನ ಮಿದುಳಿನ ಮೇಲೆ. ಯಂತ್ರವನ್ನೇ ನಂಬಿ ಕೂರುವಂತಿಲ್ಲ. ದಪ್ಪ ಮೂಳೆಗಳ ನಡುವಿನ ಮಿದುಳುಕಾಂಡ, ಕಿರುಮಿದುಳು ಸಿಟಿ ಸ್ಕ್ಯಾನ್‌ನಲ್ಲಿ ಸರಿಯಾಗಿ ಕಾಣುವುದಿಲ್ಲ. ಮೊದಲ ದಿನದ ಎಂಆರ್‌ಐಯಲ್ಲೂ ಪೆಟ್ಟು ಕೆಲವೊಮ್ಮೆ ಕಣ್ತಪ್ಪುತ್ತದೆ.

ರಕ್ತನಾಳಗಳ ಚಿತ್ರದಲ್ಲಿ ಬೇಸಿಲಾರ್ ಕಟ್ಟಿಕೊಂಡದ್ದು ಕಂಡಿತೇ? ಓಟ ಶುರು. ನಾಲ್ಕೂವರೆ ಗಂಟೆಯೊಳಗಾದರೆ, ರಕ್ತಸ್ರಾವದ ಅಪಾಯವಿಲ್ಲದವರಿಗೆ ಹೆಪ್ಪು ಕರಗಿಸುವ ಮದ್ದು. ಜೊತೆಗೇ ತೊಡೆಸಂದಿನ ಅಥವಾ ಮಣಿಕಟ್ಟಿನ ರಕ್ತನಾಳದಿಂದ ಸಣ್ಣ ನಳಿಕೆ ಒಳಹೊಗುತ್ತದೆ. ಮಹಾಧಮನಿ ದಾಟುತ್ತದೆ, ಕತ್ತಿನ ಮೂಳೆಗಳ ನಡುವೆ ಏರುತ್ತದೆ, ಹೆಪ್ಪನ್ನು ಮುಟ್ಟುತ್ತದೆ. ಹೀರು, ಇಲ್ಲವೇ ಜಾಲರಿಯಲ್ಲಿ ಸಿಕ್ಕಿಸಿ ಎಳೆ! ರಕ್ತ ಮತ್ತೆ ಹರಿಯುತ್ತದೆ. 2022ರಲ್ಲಿ ಪ್ರಕಟವಾದ ಚೀನಾದ ‘ಅಟೆನ್ಶನ್’ ಪ್ರಯೋಗದಲ್ಲಿ, 12 ಗಂಟೆಯೊಳಗೆ ಹೀಗೆ ಹೆಪ್ಪು ತೆಗೆಸಿಕೊಂಡವರಲ್ಲಿ 46% ಜನ ಮೂರು ತಿಂಗಳ ನಂತರ ಬೇರೊಬ್ಬರ ಆಸರೆಯಿಲ್ಲದೆ ನಡೆಯುವಷ್ಟು ಚೇತರಿಸಿಕೊಂಡಿದ್ದರು. ಮದ್ದಷ್ಟೇ ಪಡೆದವರಲ್ಲಿ ಆ ಪ್ರಮಾಣ 23%. ಅದೇ ವರ್ಷದ ‘ಬಾವೋಚೆ’ ಪ್ರಯೋಗ, 6ರಿಂದ 24 ಗಂಟೆಯ ನಡುವೆಯೂ ಬಾಗಿಲು ಪೂರ್ತಿ ಮುಚ್ಚಿರುವುದಿಲ್ಲ ಎಂದು ತೋರಿಸಿತು.

ಆಮೇಲೂ ಕಾವಲು ಬಿಡುವಂತಿಲ್ಲ. ಕಿರುಮಿದುಳಿಗೆ ಪೆಟ್ಟು ಬಿದ್ದಿದ್ದರೆ ಕೆಲ ದಿನಗಳಲ್ಲಿ ಅದು ಊದಿ ಮಿದುಳುಕಾಂಡವನ್ನು ಒತ್ತಬಹುದು. ಮಾತಾಡುತ್ತಿದ್ದ ರೋಗಿ ಮಂಪರಿಗೆ ಇಳಿದರೆ ಶಸ್ತ್ರವೈದ್ಯರು ತಲೆಬುರುಡೆಯ ಹಿಂಭಾಗದ ಮೂಳೆ ತೆಗೆದು ಜಾಗ ಮಾಡುತ್ತಾರೆ. ಜೀವ ಉಳಿಯಬಹುದು.

ಇಷ್ಟೆಲ್ಲ ಸಾಧ್ಯ, ರೋಗಿ ಹೊತ್ತಿಗೆ ತಲುಪಿದರೆ ಮಾತ್ರ. ನಮ್ಮ ಮನೆಗಳಲ್ಲಿ ಆ ಹೊತ್ತು ‘ಪಿತ್ತ ಏರಿದೆ, ನಿಂಬೆಹಣ್ಣಿನ ಪಾನಕ ಕುಡಿದು ಮಲಗು’ ಎಂಬ ಮಾತಿನಲ್ಲಿ ಕಳೆದುಹೋಗುತ್ತದೆ. ದಯವಿಟ್ಟು ಮಲಗಿಸಿ ಕಾಯಬೇಡಿ. ಹಠಾತ್ತನೆ ತಲೆ ಸುತ್ತಿ ನಿಲ್ಲಲಾಗದಿದ್ದರೆ, ಎರಡೆರಡಾಗಿ ಕಂಡರೆ, ಮಾತು ತೊದಲಿದರೆ, ನುಂಗಲು ಆಗದಿದ್ದರೆ ಗಡಿಯಾರ ನೋಡಿ ಸಮಯ ನೆನಪಿಡಿ. ಬಾಯಿಗೆ ನೀರೂ ಹಾಕಬೇಡಿ, ಅದು ಶ್ವಾಸಕೋಶಕ್ಕೆ ಇಳಿದೀತು. 108ಕ್ಕೆ ಕರೆ ಮಾಡಿ, ಸ್ಟ್ರೋಕ್ ಚಿಕಿತ್ಸೆ ಇರುವ ಆಸ್ಪತ್ರೆಗೇ ಹೋಗಿ. ಈ ಸಾಹಸದ ಮೊದಲ ವೀರ ವೈದ್ಯನಲ್ಲ. ‘ಇದು ಬರೀ ತಲೆಸುತ್ತಲ್ಲ’ ಎಂದು ಮನೆಯಲ್ಲಿ ಮೊದಲು ಎದ್ದು ನಿಲ್ಲುವವರು.