ಅಜ್ಜನ ಹೆಸರು, ಅಪ್ಪನ ಸಾಲ

ಹತ್ತನೇ ತರಗತಿಗೆ ಅನುವಂಶೀಯತೆಯ ಪಾಠ ನಡೆದಿತ್ತು. ಮೆಂಡಲನ ಬಟಾಣಿ ಗಿಡಗಳ ಲೆಕ್ಕವನ್ನು ಬೋರ್ಡಿನ ಮೇಲೆ ಬರೆದು ತಿರುಗಿದರೆ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು ನಿಂತಿದ್ದ. “ಸಾರ್, ರಾಜಕೀಯಾನೂ ರಕ್ತದಲ್ಲೇ ಬರುತ್ತಾ?” ತರಗತಿ ಗೊಳ್ಳೆಂದಿತು. “ಅದಕ್ಕೆ ಜೀನ್ ಇಲ್ಲಪ್ಪಾ, ಕೂತ್ಕೋ” ಎಂದೆ. ಆದರೆ ಪ್ರಶ್ನೆ ಮನೆತನಕ ಹಿಂಬಾಲಿಸಿತು. ಮರುದಿನ ಪಾಠ ಬೇಗ ಮುಗಿಸಿ, ಗ್ರೀಸ್ ದೇಶದ ಪಪಾಂಡ್ರಿಯು ಮನೆತನದ ಕಥೆ ಹೇಳಿದೆ.

ಈ ಮನೆತನದ ಮೂಲಪುರುಷ ಆಂಡ್ರಿಯಾಸ್ ಎಂಬ ಹಳ್ಳಿಯ ಪಾದ್ರಿ. ಮನೆತನದ ಹೆಸರಿನಲ್ಲಿರುವ ‘ಪಪಾ’ ಎಂದರೆ ಪಾದ್ರಿ ಎಂದೇ ಅರ್ಥ. ಅವರ ಮಗ ಜಾರ್ಜ್, ಮೊಮ್ಮಗ ಆಂಡ್ರಿಯಾಸ್, ಮರಿಮಗ ಮತ್ತೆ ಜಾರ್ಜ್. ನಮ್ಮಂತೆ ಅವರಲ್ಲೂ ಅಜ್ಜನ ಹೆಸರು ಮೊಮ್ಮಗನಿಗೆ. (ನನ್ನದೂ ಅಜ್ಜನ ಹೆಸರೇ. ಹೆಸರು ಬಂತು, ಅವರ ಎತ್ತರ ಬರಲಿಲ್ಲ.) ಪಾದ್ರಿಯ ನಂತರದ ಮೂರು ತಲೆಮಾರಿನವರೂ ಪ್ರಧಾನಿಗಳಾದರು.

1888ರಲ್ಲಿ ಹುಟ್ಟಿದ ಹಿರಿಯ ಜಾರ್ಜ್ ಮೇಷ್ಟರಾದ ನನಗೆ ಹೆಚ್ಚು ಇಷ್ಟ. 1964ರಲ್ಲಿ ಪ್ರಧಾನಿಯಾಗಿದ್ದಾಗ ಶಿಕ್ಷಣ ಖಾತೆಯನ್ನು ತಾವೇ ಇಟ್ಟುಕೊಂಡು, ಕಡ್ಡಾಯ ಶಿಕ್ಷಣವನ್ನು 6 ವರ್ಷದಿಂದ 9 ವರ್ಷಕ್ಕೆ ಏರಿಸಿದರು. ಕಾಲೇಜುವರೆಗೂ ಶುಲ್ಕ ತೆಗೆಸಿದರು.

ಮಗ ಆಂಡ್ರಿಯಾಸ್ ಅಪ್ಪನ ನೆರಳಿನಲ್ಲಿ ಬೆಳೆದವರಲ್ಲ. 1939ರಲ್ಲಿ ಸರ್ವಾಧಿಕಾರಿಯ ಪೊಲೀಸರ ಕೈಗೆ ಸಿಕ್ಕಿ, ಆಮೇಲೆ ಅಮೆರಿಕಕ್ಕೆ ಹೋಗಿ, 1943ರಲ್ಲಿ ಹಾರ್ವರ್ಡ್‌ನಿಂದ ಡಾಕ್ಟರೇಟ್ ಪಡೆದು ಅರ್ಥಶಾಸ್ತ್ರದ ಪ್ರೊಫೆಸರ್ ಆದರು. ಸುಮಾರು ಇಪ್ಪತ್ತು ವರ್ಷದ ಮೇಲೆ ಊರಿಗೆ ಮರಳಿ ಅಪ್ಪನ ಸರ್ಕಾರದಲ್ಲಿ ಮಂತ್ರಿಯಾದರು. ಸೈನ್ಯದೊಳಗಿನ ಒಂದು ಗುಪ್ತ ಕೂಟದೊಂದಿಗೆ ಅವರಿಗೆ ನಂಟಿದೆ ಎಂಬ ಆರೋಪ ಬಂತು. ರಕ್ಷಣಾ ಖಾತೆಯನ್ನು ತಾವೇ ವಹಿಸಿಕೊಳ್ಳಲು ಹೊರಟ ಅಪ್ಪನಿಗೆ ದೊರೆ ಅಡ್ಡಬಂದ. 1965ರ ಜುಲೈನಲ್ಲಿ ಅಪ್ಪನ ಕುರ್ಚಿ ಹೋಯಿತು.

1967ರ ಏಪ್ರಿಲ್ 21ರ ರಾತ್ರಿ ಸೈನ್ಯ ದೇಶವನ್ನೇ ಹಿಡಿಯಿತು. ಸಿಪಾಯಿಗಳು ಮನೆಗೆ ನುಗ್ಗಿದಾಗ ಆಂಡ್ರಿಯಾಸ್ ತಾರಸಿಯ ಮೇಲೆ ಅಡಗಿದ್ದರು. ಹದಿನಾಲ್ಕರ ಹುಡುಗ ಜಾರ್ಜ್‌ನ ತಲೆಗೆ ಬಂದೂಕು ಹಿಡಿದು ‘ನಿನ್ನಪ್ಪ ಎಲ್ಲಿ?’ ಎಂದರು. ಅಪ್ಪ ತಾನಾಗಿಯೇ ಕೆಳಗಿಳಿದು ಬಂದ. ಇದನ್ನು ಹೇಳಿದಾಗ ತರಗತಿ ತಣ್ಣಗಾಯಿತು. ಅವರದೂ ಅದೇ ವಯಸ್ಸಲ್ಲವೆ?

ಮರುವರ್ಷ ಅಜ್ಜ ತೀರಿಕೊಂಡಾಗ ಅಥೆನ್ಸಿನ ಬೀದಿಗಳಲ್ಲಿ ಲಕ್ಷಾಂತರ ಜನ ಸೇರಿದರು. ಶವಯಾತ್ರೆಯೇ ಸೈನ್ಯದ ವಿರುದ್ಧ ಮೆರವಣಿಗೆಯಾಯಿತು.

ಸೈನ್ಯಾಡಳಿತ ಬಿದ್ದ ಮೇಲೆ, 1974ರಲ್ಲಿ ಆಂಡ್ರಿಯಾಸ್ ‘ಪಾಸೊಕ್’ ಪಕ್ಷ ಕಟ್ಟಿದರು; 1981ರಲ್ಲಿ ದೇಶದ ಮೊದಲ ಸಮಾಜವಾದಿ ಸರ್ಕಾರ ರಚಿಸಿದರು. ಅಣ್ವಸ್ತ್ರದ ವಿರುದ್ಧ ಆರು ದೇಶಗಳ ನಾಯಕರು 1985ರ ಜನವರಿಯಲ್ಲಿ ದೆಹಲಿಯಲ್ಲಿ ಘೋಷಣೆ ಹೊರಡಿಸಿದರಲ್ಲ, ರಾಜೀವ್ ಗಾಂಧಿಯವರ ಜೊತೆ ಅದರಲ್ಲಿ ಇವರೂ ಒಬ್ಬರು. ಪಿಂಚಣಿ ಏರಿತು, ರಾಷ್ಟ್ರೀಯ ಆರೋಗ್ಯ ವ್ಯವಸ್ಥೆ ಬಂತು. ಬಡವರು ಅವರನ್ನು ಮರೆಯಲಿಲ್ಲ. ಸರ್ಕಾರದ ಸಾಲವೂ ಏರುತ್ತಾ ಹೋಯಿತು. ನಂತರ ಬಂದ ಬೇರೆಯವರೂ ಕೈ ಬಿಗಿಹಿಡಿಯಲಿಲ್ಲ.

ಲೆಕ್ಕ ಕೊಡುವ ಸರದಿ ಬಂದದ್ದು ಮೊಮ್ಮಗನಿಗೆ. 2009ರಲ್ಲಿ ಪ್ರಧಾನಿಯಾದ ಜಾರ್ಜ್ ಕಡತ ಬಿಚ್ಚಿಸಿದರೆ, ಹಿಂದಿನ ಸರ್ಕಾರ ಹೇಳಿದ್ದಕ್ಕಿಂತ ಕೊರತೆ ಮೂರು ಪಟ್ಟಿಗೂ ಮಿಕ್ಕಿತ್ತು. ಅವರು ಅದನ್ನು ಮುಚ್ಚಿಡಲಿಲ್ಲ. 2010ರ ಏಪ್ರಿಲ್‌ನಲ್ಲಿ ಕಾಸ್ಟೆಲೊರಿಜೊ ಎಂಬ ಪುಟ್ಟ ದ್ವೀಪದಲ್ಲಿ, ಬೆನ್ನ ಹಿಂದೆ ನೀಲಿ ಸಮುದ್ರವಿಟ್ಟುಕೊಂಡು, ದೇಶಕ್ಕೆ ಹೊರಗಿನ ನೆರವು ಬೇಕೆಂದು ಸಾರಿದರು. ಸಿಕ್ಕ ಸಾಲ 11,000 ಕೋಟಿ ಯೂರೊ. ಬದಲಿಗೆ ಸಂಬಳ, ಪಿಂಚಣಿಗಳಿಗೆ ಕತ್ತರಿ. 2011ರಲ್ಲಿ ಪದವಿ ಹೋಯಿತು. ಶೇಕಡಾ 44ರಷ್ಟಿದ್ದ ಪಕ್ಷದ ಮತ 2012ರಲ್ಲಿ 13ಕ್ಕೆ ಇಳಿಯಿತು. 2015ರಲ್ಲಿ ಅಪ್ಪ ಕಟ್ಟಿದ ಪಕ್ಷ ಬಿಟ್ಟು ಹೊಸದು ಕಟ್ಟಿದರು. ಸಂಸತ್ತಿಗೆ ಬೇಕಾದ ಶೇಕಡಾ 3ನ್ನೂ ಅದು ಮುಟ್ಟಲಿಲ್ಲ.

ನನ್ನ ಕೆಲಸದ ಮೊದಲ ನಾಲ್ಕು ವರ್ಷದ ಸಂಬಳದಲ್ಲಿ ಅರ್ಧ, ಅಪ್ಪ ಬಾವಿ ತೋಡಿಸಲು ಮಾಡಿದ್ದ ಸಾಲಕ್ಕೆ ಹೋಗಿತ್ತು. ಆಗ ಅಪ್ಪನ ಮೇಲೆ ಸಿಟ್ಟಿತ್ತು. ಆ ಬಾವಿಯ ನೀರು ಕುಡಿದೇ ಬೆಳೆದವನು ನಾನು ಎಂಬುದು ಹೊಳೆಯಲು ಬಹಳ ದಿನ ಬೇಕಾಯಿತು. ಮಕ್ಕಳಿಗೆ ಇದನ್ನೂ ಹೇಳಿದೆ.

ಹಿಂದಿನ ಬೆಂಚಿನವನು ಮತ್ತೆ ಎದ್ದ. “ಆಮೇಲೆ ಅವರು ಮನೇಲೇ ಕೂತ್ರಾ ಸಾರ್?”

ಇಲ್ಲ ಎಂದೆ. 2019ರಲ್ಲಿ ಅಕಾಯಾ ಜಿಲ್ಲೆಯ ಜನ ಅವರನ್ನು ಮತ್ತೆ ಸಂಸತ್ತಿಗೆ ಕಳಿಸಿದರು. ಅಜ್ಜ ಹುಟ್ಟಿದ್ದು ಅದೇ ಜಿಲ್ಲೆಯ ಹಳ್ಳಿಯಲ್ಲಿ.