ಕಣ್ಣುಳ್ಳ ಸಂಗೀತಗಾರ

ಚಲಚ್ಚಿತ್ರಗಳಿಗೆ ಸಂಗೀತವನ್ನು ಕಟ್ಟಿಕೊಟ್ಟು ಜೀವಿಸಬೇಕೆಂಬ ತರುಣರು ಈಗ ನಮ್ಮ ಸುರಪುರದಲ್ಲಿಯೂ ಇದ್ದಾರೆ. ನಮ್ಮ ಓಣಿಯವನೊಬ್ಬನು ಹಗಲು ಮದುವೆಮನೆಗಳಲ್ಲಿ ಕ್ಯಾಮೆರಾ ಹಿಡಿದು ನಾಲ್ಕು ಕಾಸು ಸಂಪಾದಿಸಿ, ರಾತ್ರಿ ಸ್ವರಸಂಯೋಜನೆಯಲ್ಲಿ ತೊಡಗಿರುತ್ತಾನೆ. ಅವನ ತಂದೆಯವರು ಕಳವಳಗೊಂಡು, “ಮಾಸ್ತರ್ರೀ, ಹುಡುಗ ಒಂದರಾಗ ನಿಲ್ಲವಲ್ಲ. ಒಂದಿನ ಕ್ಯಾಮೆರಾ ಅಂತಾನ, ಒಂದಿನ ಪೇಟಿ ಅಂತಾನ. ಎರಡು ದೋಣಿ ಮ್ಯಾಲ ಕಾಲಿಟ್ಟವ ದಡ ಸೇರ್ತಾನೇನ್ರಿ?” ಎಂದು ನಮ್ಮನ್ನು ಕೇಳಿದರು. ಮಕ್ಕಳುಳ್ಳ ಗೃಹಸ್ಥರೆಲ್ಲರಿಗೂ ಈ ಪ್ರಶ್ನೆಯು ಸಂಬಂಧಪಟ್ಟುದಾದುದರಿಂದ, ನಮ್ಮ ಉತ್ತರವನ್ನು ವಾಚಕರ ಮುಂದಿಡುತ್ತೇವೆ.

13ನೆಯ ಶತಮಾನದಲ್ಲಿ ದೇವಗಿರಿಯ ಯಾದವರ ಆಶ್ರಯದಲ್ಲಿದ್ದ ಶಾರ್ಙ್ಗದೇವನು ತನ್ನ ‘ಸಂಗೀತರತ್ನಾಕರ’ದಲ್ಲಿ ಗೀತ, ವಾದ್ಯ, ನೃತ್ತಗಳ ಸಮುದಾಯವನ್ನೇ ಸಂಗೀತವೆಂದು ಕರೆದನು. ನೃತ್ತವಾದರೋ ಕಣ್ಣಿನ ವಿಷಯವು. ಕಣ್ಣನ್ನು ಬಿಟ್ಟ ಸಂಗೀತವು ನಮ್ಮ ಪೂರ್ವಿಕರಿಗೂ ಅಪೂರ್ಣವೇ ಸರಿ. ಚಲಚ್ಚಿತ್ರದಲ್ಲಂತೂ ಸೆಕೆಂಡಿಗೆ 24 ಚಿತ್ರಗಳು ತೆರೆಯ ಮೇಲೆ ಹಾಯುತ್ತವೆ. 10 ಸೆಕೆಂಡಿನ ನೋಟಕ್ಕೆ 240 ಚಿತ್ರಗಳು ಮಾತ್ರ. ಅದನ್ನು ಮೀರಿ ಆಲಾಪನೆಯನ್ನು ಬೆಳೆಯಿಸಲು ಎಡೆಯಿಲ್ಲ. ನೋಟವು ತಾನೇ ಹೇಳಿದುದನ್ನು ವಾದ್ಯವು ಮತ್ತೆ ಹೇಳಬೇಕಾದುದೂ ಇಲ್ಲ. ಕ್ಯಾಮೆರಾದ ಹಿಂದೆ ನಿಂತು ಬಲ್ಲವನಿಗೆ ಈ ಮಿತಿಯು ಬೇಗನೆ ಮನದಟ್ಟಾಗುತ್ತದೆ.

ವಂಗದೇಶದ ಸತ್ಯಜಿತ್ ರಾಯರ ಮೊದಲ ಚಿತ್ರವಾದ ‘ಪಥೇರ್ ಪಾಂಚಾಲಿ’ಗೆ (1955) ಪಂಡಿತ ರವಿಶಂಕರರು ಸಂಗೀತವನ್ನಿತ್ತರು. ಆದರೆ 1961ರ ‘ತೀನ್ ಕನ್ಯಾ’ದಿಂದ ರಾಯರು ತಮ್ಮ ಚಿತ್ರಗಳಿಗೆ ತಾವೇ ಸಂಗೀತವನ್ನು ರಚಿಸತೊಡಗಿದರು, ಕೆಲಕಾಲದಲ್ಲಿಯೇ ಕ್ಯಾಮೆರಾವನ್ನೂ ತಾವೇ ನಡೆಸಹತ್ತಿದರು. ಒಂದು ಕೆಲಸವು ಇನ್ನೊಂದಕ್ಕೆ ಅಡ್ಡಬರಲಿಲ್ಲ.

ನಮ್ಮ ನಾಡಿನ ಬಿ. ವಿ. ಕಾರಂತರು ಛಾಯಾಗ್ರಾಹಕರಲ್ಲದಿದ್ದರೂ, ನಿರ್ದೇಶಕರಾಗಿ ಕ್ಯಾಮೆರಾದ ಬಳಿ ನಿಂತು ಪಳಗಿದವರು. ಬಂಟ್ವಾಳದ ಸಮೀಪದ ಮಂಚಿಯಲ್ಲಿ 1929ರಲ್ಲಿ ಜನಿಸಿದ ಅವರು ಬಾಲ್ಯದಲ್ಲಿಯೇ ಗುಬ್ಬಿ ಕಂಪನಿಯನ್ನು ಸೇರಿದರು. 1975ರ ‘ಚೋಮನ ದುಡಿ’ಯಲ್ಲಿ ನಿರ್ದೇಶನವೂ ಸಂಗೀತವೂ ಅವರವೇ, ಆ ಚಿತ್ರಕ್ಕೆ ಸ್ವರ್ಣಕಮಲವು ದೊರೆಯಿತು. ಬಳಿಕ ‘ಋಷ್ಯಶೃಂಗ’ (1976), ‘ಘಟಶ್ರಾದ್ಧ’ (1977) ಎಂಬೆರಡು ಚಿತ್ರಗಳ ಸಂಗೀತಕ್ಕಾಗಿ ಒಂದರ ಹಿಂದೊಂದು ವರ್ಷ ರಾಷ್ಟ್ರಪ್ರಶಸ್ತಿಯು ಅವರಿಗೆ ಸಂದಿತು. ಮೃಣಾಲ್ ಸೇನರೂ ಅವರಿಂದ ಸಂಗೀತವನ್ನು ಪಡೆದರು.

ಇಷ್ಟಾದರೂ ಕಾರಂತರು ಚಲಚ್ಚಿತ್ರವೊಂದನ್ನೇ ನೆಚ್ಚಿ ಕುಳಿತವರಲ್ಲ. 1977ರಿಂದ 1981ರವರೆಗೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರಾಗಿದ್ದರು. 1989ರಲ್ಲಿ ಮೈಸೂರಿನ ರಂಗಾಯಣವನ್ನು ಕಟ್ಟಿದರು. 2002ರಲ್ಲಿ ತೀರಿಕೊಳ್ಳುವವರೆಗೂ ರಂಗಭೂಮಿಯೇ ಅವರ ಮನೆಯಾಗಿದ್ದಿತು. ಯಾವ ಸಂಸ್ಥೆಯ ಸಂಬಳಕ್ಕೂ ಒಳಪಡದ ಸ್ವತಂತ್ರ ಸಂಗೀತ ನಿರ್ದೇಶಕನಿಗೆ ತಿಂಗಳ ವರಮಾನದ ಭರವಸೆಯಿಲ್ಲ. ಚಿತ್ರವು ಬಂದರೆ ಹಣ, ಬಾರದಿದ್ದರೆ ಬರಿಗೈ. ಆದುದರಿಂದ ಕೈಯಲ್ಲಿ ಮತ್ತೊಂದು ವಿದ್ಯೆಯಿರುವುದು ಚಾಂಚಲ್ಯವಲ್ಲ, ಅವನಿಗೆ ಊರುಗೋಲು.

ಇಂತಹ ಮಗನಿರುವ ಗೃಹಸ್ಥರು ಅವನನ್ನು ಮೂರು ಮಾತು ಕೇಳಲಿ: ಗುರುವಿನ ಬಳಿ ಕ್ರಮವಾಗಿ ಸ್ವರಸಾಧನೆ ನಡೆದಿದೆಯೇ? ಕ್ಯಾಮೆರಾದ ಸಂಪಾದನೆಯಿಂದ ತನ್ನ ಖರ್ಚನ್ನು ತಾನೇ ತೂಗಿಸುತ್ತಿರುವನೇ? ಚಿಕ್ಕದಾದರೂ ಒಂದು ಚಿತ್ರದ ಸಂಗೀತವನ್ನು ಮೊದಲಿನಿಂದ ಕೊನೆಯವರೆಗೆ ಮುಗಿಸಿರುವನೇ? ಮೂರಕ್ಕೂ ಹೌದೆಂದರೆ, ಅವನ ಪೇಟಿಯನ್ನೂ ಕ್ಯಾಮೆರಾವನ್ನೂ ಒಂದೇ ಕೋಣೆಯಲ್ಲಿಡಲು ಮನೆಯವರು ಸಂತೋಷದಿಂದ ಸ್ಥಳ ಮಾಡಿಕೊಡಲಿ.