ಪುಟ್ಟಕ್ಕನೂ ನಮ್ಮವ್ವನೂ

2022ರ ಯುಗಾದಿಗೆ ಊರಿಗೆ ಹೋದಾಗಿನ ಮಾತು. ಬಸ್ಸಿಳಿದು ಮನೆಗೆ ಬಂದರೆ ಬಾಗಿಲು ತೆರೆದೇ ಇತ್ತು, ಒಳಗೆ ಟಿವಿ ಸದ್ದು. ಅವ್ವ ಗೋಡೆಗೆ ಒರಗಿ ಕೂತಿದ್ದಳು, ಪಕ್ಕದಲ್ಲಿ ಓಣಿಯ ಇನ್ನೂ ಮೂವರು ಹೆಂಗಸರು. "ಬಂದೇನಪಾ, ಕೈಕಾಲ್ ತೊಳ್ಕೋ" ಅಂದವಳು ಮತ್ತೆ ಟಿವಿ ಕಡೆ ತಿರುಗಿದಳು. ನೋಡಿದರೆ ಕಣ್ಣಲ್ಲಿ ನೀರು! ನನಗೆ ಗಾಬರಿ. "ಏನಾತವ್ವಾ?" ಅಂದೆ.

"ನಮ್ಮ ಪುಟ್ಟಕ್ಕಗ ಆ ಗಂಡ ಎಂಥಾ ಮಾತಂದ ನೋಡು" ಅಂತ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು.

ನಮ್ಮ ಬಳಗದಲ್ಲಿ ಪುಟ್ಟಕ್ಕ ಅಂತ ಯಾರೂ ಇಲ್ಲ. ಟಿವಿಯಲ್ಲಿ ಇದ್ದದ್ದು ಉಮಾಶ್ರೀ.

2021ರ ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ ಶುರುವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿ ನೀವೂ ನೋಡಿರಬಹುದು, ಇಲ್ಲಾ ನಿಮ್ಮ ಮನೆಯವರು ನೋಡುವಾಗ ಪಕ್ಕದ ಕೋಣೆಯಿಂದ ಕೇಳಿರಬಹುದು :-) ಗಂಡು ಮಗು ಹೆರಲಿಲ್ಲ ಅಂತ ಗಂಡ ಇನ್ನೊಬ್ಬಳನ್ನು ಕಟ್ಟಿಕೊಳ್ಳುತ್ತಾನೆ. ಪುಟ್ಟಕ್ಕ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುತ್ತಾಳೆ. ಭಾಷೆ ಮಂಡ್ಯದ್ದು. ಧಾರಾವಾಹಿಯವರಿಗೆ ನಮ್ಮ ಕಡೆಯ ಮಾತು ಯಾಕೋ ಬೇಕಾಗೋದೇ ಇಲ್ಲ, ಅದು ಬೇರೆ ಸಿಟ್ಟು. ಅವ್ವನಿಗೆ ಅದೇನೂ ಅಡ್ಡಿಯಾಗಿಲ್ಲ. ಮೊಮ್ಮಕ್ಕಳನ್ನು "ಏನ್ಲಾ" ಅಂತ ಕರೆಯೋದನ್ನೂ ಕಲಿತಿದ್ದಳು.

ಧಾರಾವಾಹಿ ನೋಡಿ ಹೆಂಗಸರು ಅಳೋದು ಹೊಸದಲ್ಲ, ಅದನ್ನು ಬರೆಯೋಕೆ ಒಂದು ಬ್ಲಾಗು ಬೇಕೇ ಅಂತೀರೇನೋ. ನನಗೆ ಆಶ್ಚರ್ಯ ಆದದ್ದು ಬೇರೆ ಕಾರಣಕ್ಕೆ. ಇದೇ ಅವ್ವ, ಇದೇ ಉಮಾಶ್ರೀ ಬಂದಾಗ ಒಂದು ಕಾಲದಲ್ಲಿ ನನ್ನನ್ನು ಟಿವಿ ಮುಂದಿನಿಂದ ಎಬ್ಬಿಸಿ ಕಳಿಸುತ್ತಿದ್ದಳು.

ನಮ್ಮೂರು ಇರೋದು ಕೊಟ್ಟೂರಿಗೂ ಹರಪನಹಳ್ಳಿಗೂ ನಡುವೆ, ಹರಪನಹಳ್ಳಿ ತಾಲೂಕಿನಲ್ಲಿ. ನಾನು ಹುಟ್ಟಿದಾಗ ಬಳ್ಳಾರಿ ಜಿಲ್ಲೆ. 1997ರಲ್ಲಿ ದಾವಣಗೆರೆ ಜಿಲ್ಲೆಯಾಯಿತು, 2018ರಲ್ಲಿ ತಿರುಗಿ ಬಳ್ಳಾರಿ, 2021ರಲ್ಲಿ ವಿಜಯನಗರ. ಇಷ್ಟೆಲ್ಲ ಆಗುವಾಗ ಅವ್ವ ಕೂತಿದ್ದ ಜಾಗ ಬಿಟ್ಟು ಕದಲಿಲ್ಲ. 90ರ ದಶಕದಲ್ಲಿ ಓಣಿಗೆಲ್ಲ ಸೇರಿ ಎರಡು ಟಿವಿ, ಅದರಲ್ಲಿ ಒಂದು ನಮ್ಮದು. ಭಾನುವಾರ ದೂರದರ್ಶನದಲ್ಲಿ ಕನ್ನಡ ಸಿನಿಮಾ ಬಂದರೆ ಪಡಸಾಲೆ ತುಂಬ ಜನ. ಎನ್.ಎಸ್. ರಾವ್, ಉಮಾಶ್ರೀ ಜೋಡಿ ತೆರೆಗೆ ಬಂತೆಂದರೆ ಗಂಡಸರು ಗಟ್ಟಿಯಾಗಿ ನಗೋರು, ಹೆಂಗಸರು ಸೆರಗು ಬಾಯಿಗೆ ಅಡ್ಡ ಹಿಡಿದು ನಗೋರು. ಅವ್ವ ಮಾತ್ರ, "ಏಳು, ಓದ್ಕೋ ಹೋಗು. ಆಕಿ ಚೊಲೋ ಹೆಣ್ಮಗಳಲ್ಲ" ಅನ್ನೋಳು. ನಾನು ಬಾಗಿಲ ಮರೆಯಲ್ಲಿ ನಿಂತು ಪೂರ್ತಿ ನೋಡೇ ಹೋಗುತ್ತಿದ್ದೆ ಅನ್ನಿ.

ಆ ಡೈಲಾಗುಗಳನ್ನು ಬರೆದವರು ಯಾರು? ನಿಮಗೆ ಒಬ್ಬರದಾದರೂ ಹೆಸರು ನೆನಪಿದೆಯಾ? ನನಗಿಲ್ಲ. ಬರೆದವರು, ನಿರ್ದೇಶನ ಮಾಡಿದವರು, ದುಡ್ಡು ಹಾಕಿದವರು, ನೋಡಿ ನಕ್ಕವರು ಎಲ್ಲ ಮರ್ಯಾದಸ್ಥರು. ಹೇಳಿದವಳು ಮಾತ್ರ ಚೊಲೋ ಹೆಣ್ಮಗಳಲ್ಲ!

ಉಮಾಶ್ರೀ ಹುಟ್ಟಿದ್ದು 1957ರಲ್ಲಿ, ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ, ನೇಕಾರರ ಸಮುದಾಯದಲ್ಲಿ. ಮದುವೆ ಬಾಳಿಕೆ ಬರಲಿಲ್ಲ. ಇಬ್ಬರು ಮಕ್ಕಳನ್ನು ಒಬ್ಬರೇ ಸಾಕಿದರು. ಹೊಟ್ಟೆಪಾಡಿಗೆ ಬಂದ ಪಾತ್ರಗಳನ್ನೆಲ್ಲ ಮಾಡಿದೆ ಅನ್ನೋದನ್ನು ಅವರು ಮುಚ್ಚಿಟ್ಟಿಲ್ಲ. 1984ರಲ್ಲಿ ಕಾಶೀನಾಥರ 'ಅನುಭವ' ಬಂತು, ಜನ ಗುರುತು ಹಿಡಿದರು, ಆಮೇಲೆ ಅದೇ ಥರದ ಪಾತ್ರಗಳು ಸಾಲುಗಟ್ಟಿ ಬಂದವು. ಆದರೆ ಅದೇ ಹೆಣ್ಣುಮಗಳು ರಂಗದ ಮೇಲೆ ದೇವನೂರ ಮಹಾದೇವರ 'ಒಡಲಾಳ'ದ ಸಾಕವ್ವ ಆಗಿದ್ದರು, ಸಿಜಿಕೆ ನಿರ್ದೇಶನದಲ್ಲಿ. ಕಳೆದುಹೋದ ಒಂದು ಹುಂಜಕ್ಕಾಗಿ ಊರೆಲ್ಲ ಹುಡುಕುತ್ತಾ ಹೋಗುವ ಮುದುಕಿ ಸಾಕವ್ವ. ವಯಸ್ಸಿನ್ನೂ ಆಗಿರದ ನಟಿ ಆ ಮುದುಕಿಯಾಗಿ ನಿಂತದ್ದನ್ನು ಕಂಡವರು ಈಗಲೂ ಅದನ್ನೇ ಹೇಳುತ್ತಾರೆ. ಬೆಂಗಳೂರಿನಲ್ಲಿ ನಾಟಕ ನೋಡುವವರಿಗೆ ಸಾಕವ್ವ ಗೊತ್ತಿದ್ದಳು. ನಮ್ಮ ಪಡಸಾಲೆಗೆ ಬಂದದ್ದು ಭಾನುವಾರದ ಉಮಾಶ್ರೀ ಮಾತ್ರ.

ನನ್ನ ಅಭಿಪ್ರಾಯ ಕೇಳಿದರೆ ಆ ಹಾಸ್ಯಪಾತ್ರಗಳೂ ನಾಚಿಕೊಳ್ಳುವಂಥವಲ್ಲ. ಈಗ ಮತ್ತೆ ನೋಡಿ ಬೇಕಾದರೆ. ಮಾತು ಕೆಟ್ಟದ್ದಿರಬಹುದು, ಆದರೆ ಎಲ್ಲಿ ತಡೆಯಬೇಕು, ಎಲ್ಲಿ ಕಣ್ಣು ತಿರುಗಿಸಬೇಕು ಅನ್ನುವ ಲೆಕ್ಕ ಒಂಚೂರೂ ತಪ್ಪಿಲ್ಲ.

ಇರಲಿ. ನಾನು ಹೇಳಬೇಕಾದದ್ದು ಇನ್ನೊಬ್ಬ ನಟಿಯ ಬಗ್ಗೆ. ಇಷ್ಟು ವರ್ಷ ಎಲ್ಲೂ ಬರೆದಿರಲಿಲ್ಲ.

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ... ನಮ್ಮ ಈ ಐದೂ ಕಡೆ ನಾಟಕದ ಹುಚ್ಚು ವಿಪರೀತ. ಹಡಗಲಿಯಲ್ಲಿ ಎಂ.ಪಿ. ಪ್ರಕಾಶರು ಕಟ್ಟಿದ ರಂಗಭಾರತಿಯಂಥವು ಒಂದು ಬಗೆ. ಹಳ್ಳಿಹಳ್ಳಿಯಲ್ಲಿ ಜಾತ್ರೆಗೋ ಹಬ್ಬಕ್ಕೋ ಆಡುವ 'ಸುಂದರ ಸಾಮಾಜಿಕ ನಾಟಕ' ಇನ್ನೊಂದು ಬಗೆ. ಪೇಟಿ ಮಾಸ್ತರು ಬಂದು ತಿಂಗಳುಗಟ್ಟಲೆ ತಾಲೀಮು ಮಾಡಿಸುತ್ತಾರೆ. ಗಂಡು ಪಾತ್ರಕ್ಕೆಲ್ಲ ಊರಿನವರೇ. ಹೆಣ್ಣು ಪಾತ್ರಕ್ಕೆ ಮಾತ್ರ ಊರಿನ ಹೆಣ್ಣುಮಕ್ಕಳು ರಂಗ ಹತ್ತುವಂತಿಲ್ಲ, ಹೊರಗಿನಿಂದ ಕಲಾವಿದೆಯರನ್ನು ಕರೆಸಬೇಕು. ಹಾಗೆ ಕರೆಸೋದಕ್ಕೆ ಮರಿಯಮ್ಮನಹಳ್ಳಿ ಹೆಸರುವಾಸಿ. (2021ರಲ್ಲಿ ಪದ್ಮಶ್ರೀ ಬಂದ ಮಂಜಮ್ಮ ಜೋಗತಿ ಅವರ ಊರೂ ಅದೇ.) ಈ ಕಲಾವಿದೆಯರಿಗೆ ತಿಂಗಳ ತಾಲೀಮು ಇರೋದಿಲ್ಲ. ನಾಟಕದ ದಿನವೋ ಹಿಂದಿನ ದಿನವೋ ಬಸ್ಸಿಳಿದು ಬರುತ್ತಾರೆ, ಮಾತೆಲ್ಲ ಬಾಯಿಪಾಠ. ಬೆಳಗಿನ ಜಾವದ ತನಕ ಆಡಿ ಮೊದಲ ಬಸ್ಸಿಗೆ ಇನ್ನೊಂದು ಊರಿಗೆ ಹೊರಡುತ್ತಾರೆ.

1996. ನಾನು ಪಿಯುಸಿ. ಊರ ನಾಟಕದಲ್ಲಿ ನನಗೊಂದು ಮಗನ ಪಾತ್ರ, ಕೊನೇ ಸೀನಿನಲ್ಲಿ ತಾಯಿಯ ಕಾಲಿಗೆ ಬಿದ್ದು ಅಳಬೇಕು. ತಾಯಿ ಪಾತ್ರಕ್ಕೆ ಬಂದಾಕೆಗೆ ಮೂವತ್ತೈದು ಇರಬಹುದು. ಜೊತೆಗೆ ಐದಾರು ವರ್ಷದ ಮಗಳು. ನಮ್ಮ ಮನೆ ಗುಡಿಗೆ ಹತ್ತಿರ, ಹಾಗಾಗಿ ಸಂಜೆ ಸೀರೆ ಉಟ್ಟು ತಯಾರಾಗೋಕೆ ನಮ್ಮಲ್ಲೇ ಕಳಿಸಿದರು. ಅವ್ವ ಇಲ್ಲ ಅನ್ನಲಿಲ್ಲ. ಪಡಸಾಲೆ ದಾಟಿ ಒಳಗೆ ಕರೆಯಲೂ ಇಲ್ಲ. ಚಾ ಮಾಡಿದಳು. ಹಿತ್ತಲ ಗೂಡಿನಲ್ಲಿ ಒಂದು ಸಿಲ್ವರ್ ಲೋಟ ಇರುತ್ತಿತ್ತು, ಯಾರ್ಯಾರಿಗೆ ಅಂತ ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಿಲ್ಲ. ಅದರಲ್ಲಿ ಸೋಸಿ, "ಕೊಟ್ಟು ಬಾ" ಅಂತ ನನ್ನ ಕೈಗೆ ಕೊಟ್ಟಳು.

ನಾನು ಕೊಟ್ಟು ಬಂದೆ.

ಆಕೆ ಲೋಟ ನೋಡಿದರು, ನನ್ನ ಮುಖ ನೋಡಲಿಲ್ಲ. ಅರ್ಧ ಕುಡಿದು ಉಳಿದರ್ಧ ಮಗಳಿಗೆ ಕುಡಿಸಿದರು. ಆಮೇಲೆ ತಾವೇ ಎದ್ದು ಹಿತ್ತಲಿಗೆ ಹೋಗಿ ಲೋಟ ತೊಳೆದು, ಗೂಡಿನಲ್ಲಿ ಬೋರಲು ಹಾಕಿದರು. ಗೂಡು ಎಲ್ಲಿದೆ ಅಂತ ಯಾರನ್ನೂ ಕೇಳಲಿಲ್ಲ. ಎಷ್ಟು ಊರಿನಲ್ಲಿ ಎಷ್ಟು ಗೂಡು ನೋಡಿದ್ದರೋ.

ರಾತ್ರಿ ನಾಟಕ ಭರ್ಜರಿ ಆಯಿತು. ಮಗಳು ಒಳಗೆ ಪರದೆಯ ಗಂಟಿನ ಮೇಲೆ ಮಲಗಿತ್ತು. ಕೊನೇ ಸೀನಿನಲ್ಲಿ ನಾನು "ಅವ್ವಾ" ಅಂತ ಕಾಲಿಗೆ ಬಿದ್ದೆ. ಮಾತು ಮರೆತು ತೊದಲಿದಾಗ ಆಕೆ ನನ್ನ ತಲೆ ಮೇಲೆ ಕೈಯಿಟ್ಟು, ಬಗ್ಗಿ ಅಳುವ ನೆಪದಲ್ಲಿ ನನ್ನ ಮಾತನ್ನು ಕಿವಿಯಲ್ಲಿ ಹೇಳಿಕೊಟ್ಟರು. ಜನ ಸೀಟಿ ಹೊಡೆದರು. ಮುಂದಿನ ಸಾಲಿನಲ್ಲಿ ಚಾಪೆ ಮೇಲೆ ಕೂತ ನಮ್ಮವ್ವ ಬಿಕ್ಕಿ ಬಿಕ್ಕಿ ಅಳುತ್ತಿದ್ದದ್ದು ಗ್ಯಾಸ್‌ಲೈಟಿನ ಬೆಳಕಲ್ಲಿ ನನಗೆ ಚೆನ್ನಾಗಿ ಕಂಡಿತು. ಬೆಳಿಗ್ಗೆ ಎದ್ದು ನೋಡುವಷ್ಟರಲ್ಲಿ ತಾಯಿ ಮಗಳು ಹೋಗಿಯಾಗಿತ್ತು.

ಎಷ್ಟೋ ವರ್ಷದ ಮೇಲೆ 'ಗುಲಾಬಿ ಟಾಕೀಸ್' ನೋಡಿದಾಗ ಆಕೆ ನೆನಪಾದರು. ವೈದೇಹಿಯವರ ಕಥೆ ಇಟ್ಟುಕೊಂಡು ಗಿರೀಶ ಕಾಸರವಳ್ಳಿ ಮಾಡಿದ ಸಿನಿಮಾ. ಕರಾವಳಿಯ ಮೀನುಗಾರರ ಊರಿನ ಸೂಲಗಿತ್ತಿ ಗುಲಾಬಿಗೆ ಹೆರಿಗೆ ಮಾಡಿಸಿದ್ದಕ್ಕೆ ಟಿವಿ ಉಡುಗೊರೆ ಬರುತ್ತೆ, ಡಿಶ್ ಸಮೇತ. ಊರಿನ ಹೆಂಗಸರು ಒಬ್ಬೊಬ್ಬರೇ ಆಕೆಯ ಗುಡಿಸಲಿಗೆ ಟಿವಿ ನೋಡೋಕೆ ಬರುತ್ತಾರೆ. ಕೆಲವರು ಒಳಗೆ ಬರಲಾರದೆ ಹೊರಗೇ ನಿಂತು ನೋಡುತ್ತಾರೆ, ಗುಲಾಬಿ ಮುಸಲ್ಮಾನಳು ಅಂತ. ಉಮಾಶ್ರೀ ಅದರಲ್ಲಿ ಅಭಿನಯ ಮಾಡಿದಂತೆಯೇ ಕಾಣೋದಿಲ್ಲ. ಆ ಪಾತ್ರಕ್ಕೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ಬಂತು, 2007ರ ಸಾಲಿನದ್ದು. ಹಿಂದೆಯೇ 2010ರ 'ಕನಸೆಂಬೊ ಕುದುರೆಯನೇರಿ'ಯಲ್ಲಿ ಬಿರಾದಾರರ ಜೊತೆ ರುದ್ರಿಯಾದರು. ಅದೂ ನೋಡಲೇಬೇಕಾದ್ದು.

ರಾಜಕೀಯದ ಬಗ್ಗೆ ಜಾಸ್ತಿ ಬರೆಯೋಲ್ಲ. 2013ರಲ್ಲಿ ತೇರದಾಳದಿಂದ ಗೆದ್ದರು, ಅದೂ ನೇಕಾರರ ಸೀಮೆ. ಸಿದ್ದರಾಮಯ್ಯನವರ ಆ ಸಂಪುಟ ಶುರುವಾದಾಗ ಅದರಲ್ಲಿದ್ದ ಒಬ್ಬರೇ ಮಹಿಳೆ. 2018ರಲ್ಲಿ ಸೋತರು. ಮಂತ್ರಿಯಾಗಿದ್ದವರು ಮತ್ತೆ ಬಣ್ಣ ಹಚ್ಚಿ ಧಾರಾವಾಹಿಗೆ ಬಂದದ್ದು ನನಗಂತೂ ದೊಡ್ಡ ಸಂಗತಿ. ಆಮೇಲೆ ಬೇಲೂರು ರಘುನಂದನ್ ಬರೆದ 'ಶರ್ಮಿಷ್ಠೆ'ಯನ್ನು ಒಬ್ಬರೇ ಆಡಿದರು. 2023ರಲ್ಲಿ ವಿಧಾನ ಪರಿಷತ್ತಿಗೆ ನಾಮಕರಣ ಆಯಿತು. 2025ರಲ್ಲಿ, ಎಪ್ಪತ್ತರ ಹತ್ತಿರ ಬಂದ ವಯಸ್ಸಿನಲ್ಲಿ, ಗೆಜ್ಜೆ ಕಟ್ಟಿ ಯಕ್ಷಗಾನದಲ್ಲಿ ಮಂಥರೆಯಾದರು!

ಮತ್ತೆ ಆ ಯುಗಾದಿಯ ಸಂಜೆಗೆ ಬರೋಣ. ಧಾರಾವಾಹಿ ಮುಗಿಯಿತು, ಓಣಿಯವರು ಎದ್ದು ಹೋದರು. ನಾನು ತಮಾಷೆಗೆ, "ಅವ್ವಾ, ಈಕಿ ಚೊಲೋ ಹೆಣ್ಮಗಳಲ್ಲ ಅಂತಿದ್ದೆಲ್ಲ ಆಗ?" ಅಂದೆ.

"ಯಾರು, ಪುಟ್ಟಕ್ಕನ?"

"ಉಮಾಶ್ರೀ. ಎನ್.ಎಸ್. ರಾವ್ ಜೋಡಿ."

ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. "ಮಕ್ಕಳನ್ನ ಸಾಕಬೇಕಲ್ಲಪ್ಪ" ಅಂದಳು. ಪುಟ್ಟಕ್ಕನ ಮಾತೋ ಉಮಾಶ್ರೀ ಮಾತೋ ಗೊತ್ತಾಗಲಿಲ್ಲ.

ನಾನು ಅಲ್ಲಿಗೇ ಬಿಡಬಹುದಿತ್ತು. ಬಿಡಲಿಲ್ಲ. ಆ ವರ್ಷ ನಾಟಕಕ್ಕೆ ಬಂದಿದ್ದಾಕೆ ನೆನಪಿದ್ದಾಳಾ ಅಂತ ಕೇಳಿದೆ. ಲೋಟದ ಮಾತು ನಾನು ಎತ್ತಲಿಲ್ಲ, ಹೊತ್ತುಕೊಂಡು ಹೋದವನು ನಾನೇ ತಾನೆ. ಅವ್ವ ಟಿವಿ ಬಂದ್ ಮಾಡಿದಳು. ರಿಮೋಟನ್ನು ಕೈಯಲ್ಲೇ ಹಿಡಿದುಕೊಂಡು ಎಷ್ಟೋ ಹೊತ್ತಿನ ಮೇಲೆ, "ಅದರ ಸಂಗಾಟ ಒಂದು ಹುಡುಗಿ ಇತ್ತಲ್ಲ... ಅದಕ್ಕ ಹಾಲು ಕೊಟ್ಟಿದ್ನೇನು ನಾನು?" ಅಂದಳು.

"ಕೊಟ್ಟಿದ್ದೆವ್ವ" ಅಂದೆ.

ಕೊಟ್ಟಿರಲಿಲ್ಲ.